ಮೂಗು ಯಾರದು, ಕೊಕ್ಕು ಯಾರದು

ಬಾಣಂತಿಯ ಕೋಣೆಗೆ ಹೋದ ಹೆಂಗಸರು ಮೊದಲು ಕೇಳುವುದು ಮಗು ಎಷ್ಟು ತೂಕವಿದೆ ಎಂದಲ್ಲ, ಯಾರ ಹಾಗಿದೆ ಎಂದು. ಹುಟ್ಟಿ ಮೂರು ದಿನವಾದ, ಕಣ್ಣೇ ಸರಿಯಾಗಿ ಬಿಡದ ಆ ಕೆಂಪು ಮುದ್ದೆಯಲ್ಲಿ ಒಬ್ಬರಿಗೆ ಅಜ್ಜಿಯ ಮೂಗು ಕಾಣುತ್ತದೆ, ಇನ್ನೊಬ್ಬರಿಗೆ ಸೋದರಮಾವನ ಹಣೆ. ಗಂಡನ ಮನೆಯವರು ಬಂದಾಗ ಅವರದಾಗಿದ್ದ ಮೂಗು ತವರಿನವರು ಬಂದೊಡನೆ ಇವರದಾಗುತ್ತದೆ. ಬಣ್ಣ ಒಂದಿಷ್ಟು ಕಪ್ಪಾದರೆ ಮಾತ್ರ ಅದು ಯಾರದೆಂದು ಎರಡು ಕಡೆಯವರೂ ಒಪ್ಪಿಕೊಳ್ಳುವುದಿಲ್ಲ.

ಇದನ್ನು ಹೆಂಗಸರ ಹರಟೆ ಎಂದು ಮನೆಯ ಗಂಡಸರು ನಗುವುದುಂಟು. ನಗಲಿ. ದೊಡ್ಡ ದೊಡ್ಡ ಪಂಡಿತರು ಹಕ್ಕಿಗಳ ವಿಷಯದಲ್ಲಿ ಇನ್ನೂರು ವರ್ಷ ಮಾಡಿದ ಕೆಲಸವೂ ಹೆಚ್ಚುಕಡಿಮೆ ಇದೇ. ಕೊಕ್ಕು ಯಾರ ಹಾಗಿದೆ, ಕಾಲು ಯಾರ ಹಾಗಿದೆ ಎಂದು ನೋಡಿ, ಇದು ಇಂಥವರ ಮನೆಯ ಕೂಸು ಎಂದು ಬರೆದಿಟ್ಟರು. ನಾನು ಬಿ.ಎ., ಬಿ.ಇಡಿ. ಓದಿ ಹೈಸ್ಕೂಲಿನಲ್ಲಿ ಕನ್ನಡ, ಸಮಾಜ ಪಾಠ ಹೇಳಿಕೊಂಡು ಬಂದವಳು. ವಿಜ್ಞಾನ ನನ್ನ ವಿಷಯವಲ್ಲ. ಹಕ್ಕಿಗಳ ಮೇಲಿನ ಆಸೆಯಿಂದ ನಾಲ್ಕಾರು ಪುಸ್ತಕ ಓದಿದೆ, ಅರ್ಥವಾಗದ್ದನ್ನು ಸ್ಟಾಫ್ ರೂಮಿನಲ್ಲಿ ನಮ್ಮ ವಿಜ್ಞಾನದ ಮೇಷ್ಟ್ರನ್ನು ಕಾಡಿ ಕೇಳಿದೆ. ಓದುತ್ತ ಓದುತ್ತ ಈ ಹಕ್ಕಿಗಳ ನೆಂಟಸ್ತಿಕೆಯ ಕಥೆ ನಮ್ಮ ಮನೆಯ ಹಜಾರಕ್ಕೇ ಬಂದು ಕುಳಿತಂತಾಯಿತು. ಯಾಕೆಂದು ಮುಂದೆ ಹೇಳುತ್ತೇನೆ.

ಸ್ವೀಡನ್ನಿನ ಕಾರ್ಲ್ ಲಿನೇಯಸ್ ಎಂಬ ವಿದ್ವಾಂಸ 1758ರಲ್ಲಿ ಹೊರತಂದ ತನ್ನ 'ಸಿಸ್ಟೆಮಾ ನ್ಯಾಚುರೇ' ಗ್ರಂಥದ ಹತ್ತನೆಯ ಆವೃತ್ತಿಯಲ್ಲಿ, ತನಗೆ ತಿಳಿದಿದ್ದ ಹಕ್ಕಿಗಳನ್ನೆಲ್ಲ ಆರು ಗುಂಪು ಮಾಡಿ ಹಂಚಿದ. ಮುಖ್ಯವಾಗಿ ಅವನು ನೋಡಿದ್ದು ಕೊಕ್ಕು ಮತ್ತು ಕಾಲು. ನಾವು ಅಡುಗೆಮನೆಯ ಗೂಡಿನಲ್ಲಿ ಡಬ್ಬ ಜೋಡಿಸುತ್ತೇವಲ್ಲ, ಬೇಳೆಯೆಲ್ಲ ಒಂದು ಕಡೆ, ಹಿಟ್ಟೆಲ್ಲ ಒಂದು ಕಡೆ, ಹಾಗೆ. ಹಕ್ಕಿಗಳು ಒಂದಕ್ಕೊಂದು ನಿಜವಾಗಿಯೂ ನೆಂಟರು, ಒಂದೇ ಬೇರಿನಿಂದ ಕವಲೊಡೆದವು ಎಂಬ ಯೋಚನೆ ಆ ಜೋಡಣೆಯಲ್ಲಿ ಇರಲಿಲ್ಲ. ದೇವರು ಸೃಷ್ಟಿಸಿದ, ಪಂಡಿತರು ಜೋಡಿಸಿಟ್ಟರು, ಅಷ್ಟೇ. 1859ರಲ್ಲಿ ಡಾರ್ವಿನ್ನನ ಗ್ರಂಥ ಬಂದ ಮೇಲೆ ಡಬ್ಬದ ಸಾಲಿನ ಜಾಗಕ್ಕೆ ವಂಶವೃಕ್ಷ ಬಂತು.

ಡಾರ್ವಿನ್ನನ ಕಣ್ಣು ತೆರೆಸಿದ್ದರಲ್ಲಿ ಒಬ್ಬ ಹಕ್ಕಿ ಪಂಡಿತನ ಪಾಲೂ ಇದೆ. 1835ರಲ್ಲಿ ಗಲಾಪಗೋಸ್ ದ್ವೀಪಗಳಿಂದ ಡಾರ್ವಿನ್ ಕೆಲವು ಹಕ್ಕಿಗಳನ್ನು ಸಂಗ್ರಹಿಸಿ ತಂದಿದ್ದ. ಒಂದರ ಕೊಕ್ಕು ಅಡಕತ್ತರಿಯ ಹಾಗೆ, ಇನ್ನೊಂದರದು ಚಿಮುಟದ ಹಾಗೆ ಸಪೂರ. ಇವು ಬೇರೆ ಬೇರೆ ಮನೆತನದವು ಎಂದೇ ಅವನೂ ತಿಳಿದಿದ್ದ. ಲಂಡನ್ನಿನ ಜಾನ್ ಗೌಲ್ಡ್ 1837ರ ಜನವರಿಯಲ್ಲಿ ಅವುಗಳನ್ನು ಪರೀಕ್ಷಿಸಿ, ಇವೆಲ್ಲ ಒಂದೇ ಬಳಗ ಎಂದ. ಒಂದೇ ತಾಯಿಯ ಮಕ್ಕಳು ಒಬ್ಬ ಕಮ್ಮಾರನ ಅಂಗಡಿಗೂ ಇನ್ನೊಬ್ಬ ಅಕ್ಕಸಾಲಿಯ ಅಂಗಡಿಗೂ ಕೆಲಸಕ್ಕೆ ಸೇರಿದ ಹಾಗೆ. ಗಟ್ಟಿ ಬೀಜ ಒಡೆದು ತಿನ್ನುವುದರ ಕೈಗೆ ಒಂದು ಉಪಕರಣ, ಹುಳ ಹೆಕ್ಕುವುದರ ಕೈಗೆ ಮತ್ತೊಂದು.

ನೆಂಟರು ನೆಂಟರ ಹಾಗೆ ಕಾಣದೇ ಇರುವುದು ಒಂದು ತೊಡಕು. ಅದಕ್ಕಿಂತ ದೊಡ್ಡ ತೊಡಕು, ನೆಂಟರಲ್ಲದವರು ಅವಳಿಗಳ ಹಾಗೆ ಕಾಣುವುದು. ದೇವಸ್ಥಾನದ ಗೋಪುರದ ಸಂದಿನಲ್ಲಿ, ಹಳೆಯ ಸೇತುವೆಯ ಅಡಿಯಲ್ಲಿ ಗುಂಪಾಗಿ ಗೂಡು ಕಟ್ಟಿಕೊಂಡು ಸಂಜೆ ಹೊತ್ತು ಕಿರುಚುತ್ತ ಆಕಾಶದಲ್ಲಿ ಸುತ್ತು ಹಾಕುವ ಪುಟ್ಟ ಕಪ್ಪು ಹಕ್ಕಿಯನ್ನು ನೀವು ನೋಡಿರುತ್ತೀರಿ. ಇಂಗ್ಲಿಷಿನಲ್ಲಿ ಅದು ಸ್ವಿಫ್ಟ್. ಸ್ವಾಲೋ ಎಂಬ ಇನ್ನೊಂದು ಹಕ್ಕಿಯೂ ಕುಡುಗೋಲಿನಂಥ ರೆಕ್ಕೆ ಬೀಸಿ ಅದೇ ರೀತಿ ಹಾರುತ್ತ ಗಾಳಿಯಲ್ಲೇ ಹುಳ ಹಿಡಿದು ತಿನ್ನುತ್ತದೆ. ವ್ಯತ್ಯಾಸ ಕಾಣಬೇಕಾದರೆ ಕರೆಂಟಿನ ತಂತಿ ನೋಡಿ. ಸ್ವಾಲೋ ತಂತಿಯ ಮೇಲೆ ಸಾಲಾಗಿ ಕೂರುತ್ತದೆ, ಸ್ವಿಫ್ಟಿನ ಕಾಲು ಹಾಗೆ ಕೂರುವುದಕ್ಕೆ ಬಾರದು. ಲಿನೇಯಸ್ ಇವೆರಡನ್ನೂ ಒಂದೇ ಹೆಸರಿನಡಿ ಇಟ್ಟಿದ್ದ. ಈಗ ತಿಳಿದಿರುವಂತೆ ಸ್ವಿಫ್ಟಿಗೆ ಹತ್ತಿರದ ನೆಂಟ ಅಮೆರಿಕಾ ಖಂಡಗಳಲ್ಲಿ ಮಾತ್ರ ಇರುವ ಹಮ್ಮಿಂಗ್ ಬರ್ಡ್! ಇತ್ತ ನಮ್ಮ ಹಿತ್ತಲಿನ ದಾಸವಾಳಕ್ಕೆ ಕೊಕ್ಕು ಚುಚ್ಚುವ ಸೂರಕ್ಕಿಯನ್ನು ನೋಡಿ ಎಷ್ಟೋ ಮಂದಿ 'ಹಮ್ಮಿಂಗ್ ಬರ್ಡ್ ಬಂದಿದೆ' ಎನ್ನುತ್ತಾರೆ. ಅದೇ ಬಾಗಿದ ಕೊಕ್ಕು, ಅದೇ ಮಿರುಗುವ ಬಣ್ಣ, ಅದೇ ಮಕರಂದದ ಚಪಲ. ಆದರೆ ಸೂರಕ್ಕಿ ನಮ್ಮ ಗುಬ್ಬಚ್ಚಿಯ ಕಡೆಯದು. ಹೊಟ್ಟೆಪಾಡು ಒಂದೇ ಆದರೆ, ಆ ಪಾಡಿಗೆ ಒಗ್ಗಿದ ಮೈಕಟ್ಟಿನವೇ ತಲೆತಲಾಂತರ ಉಳಿದುಕೊಂಡು ಬಂದು, ಕೊನೆಗೆ ಸಂಬಂಧವಿಲ್ಲದವೂ ಒಂದೇ ರೂಪ ತಾಳುತ್ತವೆ.

ಹಾಗಾದರೆ ರೂಪ ನಂಬುವಂತಿಲ್ಲ. ಮತ್ತೇನನ್ನು ನಂಬಬೇಕು?

ಅಮೆರಿಕದ ಚಾರ್ಲ್ಸ್ ಸಿಬ್ಲಿ ಎಂಬಾತ ಮೊದಲು ಮೊಟ್ಟೆಯ ಬಿಳಿ ಲೋಳೆಯನ್ನು ಹಿಡಿದುಕೊಂಡ. ಅದರಲ್ಲಿರುವ ಪ್ರೋಟೀನುಗಳನ್ನು ವಿದ್ಯುತ್ತಿನ ಸಹಾಯದಿಂದ ಬೇರ್ಪಡಿಸಿ, ಯಾವ ಹಕ್ಕಿಯ ಪ್ರೋಟೀನು ಯಾವುದರದನ್ನು ಹೋಲುತ್ತದೆ ಎಂದು ನೋಡಿದ. ಅದೂ ಸಾಲದೆ ಬಂದಾಗ, ಜಾನ್ ಆಲ್ಕ್ವಿಸ್ಟ್ ಎಂಬ ಜೊತೆಗಾರನೊಂದಿಗೆ ಡಿ.ಎನ್.ಎ.ಗೇ ಕೈ ಹಾಕಿದ. ಆ ವಿಧಾನವನ್ನು ನಮ್ಮ ಮೇಷ್ಟ್ರು ನನಗೆ ಹೇಳಿದ್ದು ಜಿಪ್ಪಿನ ಉದಾಹರಣೆ ಕೊಟ್ಟು. ಡಿ.ಎನ್.ಎ. ಎನ್ನುವುದು ಎರಡು ಎಳೆ ಹಲ್ಲಿಗೆ ಹಲ್ಲು ಕೂಡಿಕೊಂಡ ಜಿಪ್ಪು. ಕಾಯಿಸಿದರೆ ಎರಡು ಎಳೆಯೂ ಬಿಟ್ಟುಕೊಳ್ಳುತ್ತವೆ. ಈಗ ಒಂದು ಹಕ್ಕಿಯ ಎಳೆಯನ್ನು ಇನ್ನೊಂದು ಹಕ್ಕಿಯ ಎಳೆಯೊಡನೆ ಸೇರಿಸಿ ಆರಲು ಬಿಟ್ಟರೆ, ಹಲ್ಲು ಹೊಂದುವಷ್ಟು ಮಟ್ಟಿಗೆ ಅವು ಕೂಡಿಕೊಳ್ಳುತ್ತವೆ. ಆಮೇಲೆ ಮತ್ತೆ ಕಾಯಿಸಬೇಕು. ಹತ್ತಿರದ ನೆಂಟರಾದರೆ ಬಿಗಿಯಾಗಿ ಹಿಡಿದುಕೊಂಡಿರುತ್ತವೆ, ಹೆಚ್ಚು ಶಾಖ ಬೇಕು. ದೂರದವರಾದರೆ ಸ್ವಲ್ಪ ಬಿಸಿಗೇ ಕಳಚಿಕೊಳ್ಳುತ್ತವೆ. (ನೆಂಟಸ್ತಿಕೆಯನ್ನು ಹೀಗೆ ಬಿಸಿ ಮಾಡಿ ಪರೀಕ್ಷಿಸುವುದು ನಮಗೇನು ಹೊಸದಲ್ಲ, ಆಸ್ತಿ ಪಾಲಾಗುವಾಗ ನಾವೂ ಮಾಡುತ್ತೇವೆ.) ಸುಮಾರು 1,700 ಪ್ರಭೇದಗಳನ್ನು ಹೀಗೆ ಹೋಲಿಸಿ ಅವರಿಬ್ಬರೂ 1990ರಲ್ಲಿ ದೊಡ್ಡ ಗ್ರಂಥ ತಂದರು.

ಅವರಿಂದ ತಿಳಿದುಬಂದದ್ದರಲ್ಲಿ ನನಗೆ ಬಹಳ ಹಿಡಿಸಿದ್ದು ಆಸ್ಟ್ರೇಲಿಯಾದ ವಿಷಯ. ಅಲ್ಲಿಗೆ ಹೋಗಿ ನೆಲೆಸಿದ ಇಂಗ್ಲಿಷರು ಅಲ್ಲಿನ ಹಕ್ಕಿಗಳನ್ನು ನೋಡಿ, ಊರಿನ ನೆನಪಾಗಿ, ಇದು ನಮ್ಮ ರಾಬಿನ್, ಇದು ನಮ್ಮ ಮ್ಯಾಗ್‌ಪೈ ಎಂದು ತಮ್ಮ ಹಕ್ಕಿಗಳ ಹೆಸರಿಟ್ಟರು. ಪಂಡಿತರೂ ಹೆಚ್ಚುಕಡಿಮೆ ಅದನ್ನೇ ನಂಬಿ, ಅವನ್ನೆಲ್ಲ ಯೂರೋಪಿನ ಮನೆತನಗಳ ಕಿರಿಯ ಕವಲು ಎಂದುಕೊಂಡರು. ಪರೀಕ್ಷಿಸಿದರೆ ಅವು ಯೂರೋಪಿನವುಗಳ ನೆಂಟರಲ್ಲ, ಬಹುಪಾಲು ತಮ್ಮ ತಮ್ಮಲ್ಲೇ ನೆಂಟರು. ಮುಂದಿನ ಸಂಶೋಧನೆಗಳು ಇನ್ನೂ ಮುಂದೆ ಹೋಗಿ, ಲೋಕದ ಹಾಡುಹಕ್ಕಿಗಳೆಲ್ಲದರ ತವರೇ ಆಸ್ಟ್ರೇಲಿಯಾದ ಕಡೆ ಎಂದು ತೋರಿಸಿದವು. ಕಿರಿಯ ಕವಲು ಎಂದುಕೊಂಡದ್ದೇ ತಾಯಿ ಬೇರಾಗಿತ್ತು.

ಸಿಬ್ಲಿಯವರ ಎಲ್ಲ ತೀರ್ಮಾನಗಳೂ ನಿಲ್ಲಲಿಲ್ಲ. ಅಮೆರಿಕದ ರಣಹದ್ದುಗಳನ್ನು ಅವರು ಕೊಕ್ಕರೆಗಳ ಬಳಗಕ್ಕೆ ಸೇರಿಸಿದ್ದರು, ಅದು ಬಿದ್ದುಹೋಯಿತು. ಡಿ.ಎನ್.ಎ.ಯ ಅಕ್ಷರಗಳನ್ನೇ ನೇರವಾಗಿ ಓದುವ ಕಾಲ ಬಂತು. ಶಿಕಾಗೋದ ಫೀಲ್ಡ್ ಮ್ಯೂಸಿಯಮ್ಮಿನ ಶ್ಯಾನನ್ ಹ್ಯಾಕೆಟ್ ಎಂಬಾಕೆ ಮತ್ತು ಸಂಗಡಿಗರು 2008ರಲ್ಲಿ 169 ಪ್ರಭೇದಗಳನ್ನು ಹೋಲಿಸಿ ಹೇಳಿದ್ದನ್ನು ನಾನು ತರಗತಿಯಲ್ಲಿ ಹೇಳಿದಾಗ ಮಕ್ಕಳು ನಂಬಲೇ ಇಲ್ಲ. ಫಾಲ್ಕನ್ ಎಂಬ ಬೇಟೆಹಕ್ಕಿ ಇದೆಯಲ್ಲ, ಕೊಕ್ಕೆಯಂಥ ಕೊಕ್ಕು, ಉಗುರು ಚಾಚಿ ಎರಗುವುದು, ಅದು ಹದ್ದು ಗಿಡುಗಗಳ ಕಡೆಯದಲ್ಲವಂತೆ. ಅದಕ್ಕೆ ಹತ್ತಿರದವು ಗಿಳಿಗಳು ಮತ್ತು ಗುಬ್ಬಿ, ಕಾಗೆಗಳಿರುವ ದೊಡ್ಡ ಬಳಗ. 2014ರಲ್ಲಿ 48 ಹಕ್ಕಿಗಳ ಪೂರ್ತಿ ಜೀನ್ ಬರಹವನ್ನೇ ಓದಿದಾಗಲೂ ಇದೇ ಬಂತು. "ಹಾಗಾದ್ರೆ ಮಿಸ್, ನಮ್ಮನೆ ಗಿಳಿ ಇಲಿ ಹಿಡಿಯತ್ತಾ?" ಎಂದು ಹಿಂದಿನ ಬೆಂಚಿನ ಹುಡುಗನೊಬ್ಬ ಕೇಳಿದ. ಕೇಳಬೇಕಾದ ಪ್ರಶ್ನೆಯೇ. ನೆಂಟಸ್ತಿಕೆ ಗೊತ್ತಾದ ಮಾತ್ರಕ್ಕೆ ನಡತೆ ಗೊತ್ತಾದಂತಾಗುವುದಿಲ್ಲ.

ಈಗ ಹಜಾರದ ವಿಷಯ. ನನ್ನ ತಂಗಿಗೆ ಮಕ್ಕಳಾಗಲಿಲ್ಲ. ಒಂಬತ್ತು ತಿಂಗಳ ಹೆಣ್ಣು ಮಗುವನ್ನು ಕಾನೂನಿನ ಪ್ರಕಾರ ದತ್ತು ತಂದು ಸಾಕಿದಳು. ನನ್ನನ್ನು 'ದೊಡ್ಡಮ್ಮ' ಎನ್ನುವ ಆ ಹುಡುಗಿಗೆ ಈಗ ಇಪ್ಪತ್ತಾರು. ಓದಿ ಕೆಲಸದಲ್ಲಿದ್ದಾಳೆ. ಹೋದ ವರ್ಷ ಅವಳನ್ನು ನೋಡಲು ಗಂಡಿನ ಕಡೆಯವರು ಬಂದಿದ್ದರು. ಕೇಸರಿಬಾತು, ಬೋಂಡ ಎಲ್ಲ ಆಯಿತು. ಹುಡುಗನ ತಾಯಿ ಹುಡುಗಿಯನ್ನು ಪಕ್ಕದಲ್ಲಿ ಕೂರಿಸಿಕೊಂಡು, "ಥೇಟ್ ನಿಮ್ಮ ಹಾಗೇ ಇದಾಳೆ ಕಣ್ರೀ, ನಗು ಅಂತೂ ನಿಮ್ಮದೇ" ಎಂದು ನನ್ನ ತಂಗಿಗೆ ಹೇಳಿದರು. ತಂಗಿ ಯಾವತ್ತೂ ಮುಚ್ಚಿಟ್ಟವಳಲ್ಲ. ಇದ್ದದ್ದನ್ನು ಹೇಳಿದಳು. ಹಜಾರದಲ್ಲಿ ಫ್ಯಾನು ತಿರುಗುವುದೊಂದೇ ಕೇಳಿಸುತ್ತಿತ್ತು. ವಾರ ಬಿಟ್ಟು ಮಧ್ಯಸ್ಥಗಾರರ ಬಾಯಲ್ಲಿ ಮಾತು ಬಂತು: ಹುಡುಗಿ ಚಿನ್ನದಂಥವಳು, ಆದರೆ ಮೂಲ ಗೊತ್ತಿಲ್ಲವಲ್ಲ.

ನದೀಮೂಲ, ಋಷಿಮೂಲ ಹುಡುಕಬಾರದು ಎಂದು ನಮ್ಮ ಹಿರಿಯರು ಹೇಳುತ್ತಿದ್ದರು. ನದಿಗೂ ಋಷಿಗೂ ಸಿಕ್ಕ ಆ ವಿನಾಯಿತಿ ಮದುವೆಗೆ ನಿಂತ ಹೆಣ್ಣಿಗೆ ಸಿಗಲಿಲ್ಲ. ಆ ದಿನಗಳಲ್ಲಿ ನನಗೆ ಈ ಹಕ್ಕಿ ಪಂಡಿತರ ಮೇಲೂ ಸಿಟ್ಟು ಬಂತು. ಅವರು ಮಾಡುವುದೂ ಮೂಲ ಹುಡುಕುವ ಕೆಲಸವೇ ತಾನೆ? ಅವರ ಮಾತುಗಳನ್ನಾದರೂ ನೋಡಿ: ಜಾತಿ, ಕುಲ, ಕುಟುಂಬ, ವಂಶ. ನೀನು ಹೇಗೆ ಹಾಡುತ್ತೀ, ಹೇಗೆ ಬದುಕುತ್ತೀ ಎಂಬುದನ್ನು ಬದಿಗಿಟ್ಟು, ನಿನ್ನ ಹೆತ್ತವರು ಯಾರು, ಅವರನ್ನು ಹೆತ್ತವರು ಯಾರು ಎಂದು ಹಿಂದಕ್ಕೆ ಹೋಗುವುದು. ಬೀಗರೂ ಪಂಡಿತರೂ ಒಂದೇ ಪ್ರಶ್ನೆ ಕೇಳುತ್ತಿರುವಂತೆ ಕಂಡಿತು.

ಸಿಟ್ಟು ಆರಿದ ಮೇಲೆ ಯೋಚಿಸಿದರೆ, ಪ್ರಶ್ನೆ ಒಂದೇ ಆದರೂ ಉತ್ತರದಿಂದ ಮಾಡುವ ಕೆಲಸ ಬೇರೆ. ಇಲ್ಲಿ ಸ್ವಲ್ಪ ನಿಂತು ನೋಡಬೇಕು, ಯಾಕೆಂದರೆ ಪಂಡಿತರೂ ಬಹಳ ಕಾಲ ಬೀಗರ ಹಾಗೆಯೇ ಇದ್ದರು. ಹಕ್ಕಿಗಳ ಪಟ್ಟಿ ಬರೆಯುವಾಗ ಕೆಳಗಿನವನ್ನು ಮೊದಲು, ಮೇಲಿನವನ್ನು ಕೊನೆಗೆ ಬರೆಯುವ ಪದ್ಧತಿ ಇತ್ತು. 20ನೆಯ ಶತಮಾನದ ನಡುವಿನಲ್ಲೂ, ಎಲ್ಲಕ್ಕಿಂತ ಮುಂದುವರಿದ ಹಕ್ಕಿ ಯಾವುದು, ಪಟ್ಟಿಯ ಕೊನೆಯಲ್ಲಿ ಕಾಗೆಯನ್ನು ಕೂರಿಸಬೇಕೋ ಫಿಂಚ್ ಹಕ್ಕಿಯನ್ನೋ ಎಂದು ವಿದ್ವಾಂಸರಲ್ಲಿ ಭಿನ್ನಾಭಿಪ್ರಾಯವಿತ್ತು. ಊಟದ ಪಂಕ್ತಿಯಲ್ಲಿ ಮೊದಲ ಎಲೆ ಯಾರಿಗೆ ಎಂಬ ಜಗಳ ನೋಡಿದವರಿಗೆ ಇದು ಅರ್ಥವಾಗುತ್ತದೆ. ವಂಶವೃಕ್ಷ ಸರಿಯಾಗಿ ಬಿಡಿಸಲು ಕಲಿತ ಮೇಲೆ ಆ ಪಂಕ್ತಿಯೇ ಮುರಿದುಬಿತ್ತು. ಉಷ್ಟ್ರಪಕ್ಷಿಯ ಬಳಗ ಬಹಳ ಮೊದಲೇ ಕವಲಾಗಿ ಹೋದದ್ದು ನಿಜ. ಆದರೆ ಇವತ್ತಿನ ಉಷ್ಟ್ರಪಕ್ಷಿ ಇವತ್ತಿನ ಗುಬ್ಬಿಗಿಂತ ಹಿರಿಯದೂ ಅಲ್ಲ, ಕೀಳೂ ಅಲ್ಲ. ಇಂದು ಬದುಕಿರುವ ಸುಮಾರು 11,000 ಪ್ರಭೇದಗಳೂ ಅದೇ ಒಂದು ಬೇರಿನಿಂದ ಅಷ್ಟೇ ಕಾಲ ನಡೆದು ಬಂದಿವೆ. ಮರಕ್ಕೆ ತುದಿಗಳಿವೆ, ಎತ್ತರದ ಪೀಠವಿಲ್ಲ. ನಾವು ಗರುಡನನ್ನು ಕಂಡರೆ ಕೆನ್ನೆ ಬಡಿದುಕೊಳ್ಳುತ್ತೇವೆ, ಹದ್ದು ಬಂದರೆ ಕೋಳಿಮರಿ ಹೊತ್ತೊಯ್ಯುತ್ತದೆಂದು ಕಲ್ಲು ಬೀರುತ್ತೇವೆ. ಅವೆರಡೂ ಬಹಳ ಹತ್ತಿರದ ನೆಂಟರು, ಸತ್ತ ಮೀನು ಸಿಕ್ಕರೆ ಎರಡೂ ಬಿಡುವುದಿಲ್ಲ.

ಇನ್ನೊಂದು ಮಾತನ್ನು ಹೇಳದೇ ಇರಲಾರೆ. ಹಕ್ಕಿಗಳನ್ನು ಆರು ಗುಂಪು ಮಾಡಿದ ಲಿನೇಯಸ್ಸನ ಅದೇ 1758ರ ಪುಸ್ತಕದಲ್ಲಿ ಮನುಷ್ಯರನ್ನೂ ಖಂಡದ ಲೆಕ್ಕದಲ್ಲಿ, ಬಣ್ಣದ ಲೆಕ್ಕದಲ್ಲಿ ವಿಂಗಡಿಸಿದ್ದಾನೆ. ಬರೀ ಬಣ್ಣ ಬರೆದು ಸುಮ್ಮನಾಗಲಿಲ್ಲ, ಒಂದೊಂದು ಗುಂಪಿಗೂ ಸ್ವಭಾವ ಅಂಟಿಸಿದ. ಯೂರೋಪಿನವರು ಕಾನೂನಿನಂತೆ ನಡೆಯುವವರು, ಆಫ್ರಿಕಾದವರು ಮನಸ್ಸಿಗೆ ಬಂದಂತೆ ನಡೆಯುವವರು, ಹೀಗೆ. ಸ್ವಿಫ್ಟ್ ಹಕ್ಕಿಯನ್ನು ಬೇರೆ ಮನೆಗೆ ಸೇರಿಸಿದ್ದರಿಂದ ಸ್ವಿಫ್ಟಿಗೆ ಏನೂ ನಷ್ಟವಾಗಲಿಲ್ಲ. ಮನುಷ್ಯರ ವಿಷಯದಲ್ಲಿ ಬರೆದ ಅಂಥ ಸಾಲುಗಳ ಹೆಸರು ಹೇಳಿಕೊಂಡು ಎಷ್ಟು ಜನರನ್ನು ಗುಲಾಮರಾಗಿ ಮಾರಿದರು ಎಂಬುದನ್ನು ನಾನು ಸಮಾಜ ಪಾಠದಲ್ಲಿ ವರ್ಷ ವರ್ಷವೂ ಹೇಳುತ್ತ ಬಂದಿದ್ದೇನೆ. ಎಲ್ಲಿಂದ ಬಂದೆ ಎಂಬ ಪ್ರಶ್ನೆಗೆ ಎಷ್ಟು ಬೆಲೆಯವಳು ಎಂಬ ಉತ್ತರ ಬರೆದುಕೊಂಡರೆ ಅಲ್ಲಿಗೆ ವಿಜ್ಞಾನ ಮುಗಿಯಿತು, ವ್ಯಾಪಾರ ಶುರುವಾಯಿತು.

ಇದನ್ನೆಲ್ಲ ನಾನು ಒಬ್ಬ ಹಿರಿಯ ಸಹೋದ್ಯೋಗಿಯ ಮುಂದೆ ಹೇಳಿದಾಗ ಅವರು ನಕ್ಕು, "ಏನೇ ಹೇಳಿ ಮೇಡಂ, ಕಾಗೆ ಗೂಡಲ್ಲಿ ಬೆಳೆದರೂ ಕೋಗಿಲೆ ಕೋಗಿಲೆಯೇ. ರಕ್ತ ಎಲ್ಲಿ ಹೋಗುತ್ತೆ?" ಎಂದರು. ಸುಲಭಕ್ಕೆ ತಳ್ಳಿಹಾಕುವ ಮಾತಲ್ಲ ಅದು. ಕೋಗಿಲೆಯ ಮರಿಗೆ ಕಾಗೆ ಗುಟುಕು ಕೊಡುತ್ತದೆ, ಮಳೆಯಲ್ಲಿ ರೆಕ್ಕೆ ಮುಚ್ಚಿ ಕಾಯುತ್ತದೆ. ಆದರೂ ದೊಡ್ಡದಾದ ಮೇಲೆ ಅದು ಕೂಗುವುದು ತನ್ನ ಕೂಗನ್ನೇ, ಯಾರೂ ಹೇಳಿಕೊಟ್ಟಿರುವುದಿಲ್ಲ. ಪಂಡಿತರ ಮರದಲ್ಲೂ ಮೊಟ್ಟೆ ಇಟ್ಟವಳಿಗೆ ಮಾತ್ರ ಗೆರೆ ಇದೆ, ಗುಟುಕು ಕೊಟ್ಟವಳಿಗೆ ಇಲ್ಲ. ಅದು ಅವರ ಕೆಲಸದ ಮಿತಿ, ಅವರೂ ಅದನ್ನು ಮುಚ್ಚಿಡುವುದಿಲ್ಲ.

ಆದರೆ ಹಕ್ಕಿಗಳ ಲೋಕದಲ್ಲಿ ಕೋಗಿಲೆ ಒಂದೇ ಇಲ್ಲವಲ್ಲ. ಜರ್ಮನಿಯ ಕ್ಲಾಸ್ ಇಮ್ಮೆಲ್ಮಾನ್ ಎಂಬ ವಿಜ್ಞಾನಿ 1960ರ ದಶಕದಲ್ಲಿ ಜೀಬ್ರಾ ಫಿಂಚ್ ಎಂಬ ಪುಟ್ಟ ಹಾಡುಹಕ್ಕಿಯ ಮರಿಗಳನ್ನು ಬೆಂಗಾಲೀಸ್ ಫಿಂಚುಗಳ ಕೈಯಲ್ಲಿ ಸಾಕಿಸಿದ. ಈ ಬೆಂಗಾಲೀಸ್ ಫಿಂಚ್ ಎಂದರೆ ನಮ್ಮ ದೇಶದಲ್ಲೂ ಇರುವ ಬಿಳಿ ಸೊಂಟದ ಮುನಿಯಾ ಹಕ್ಕಿಯ ಪಳಗಿಸಿದ ತಳಿ. ಸಾಕಿಸಿಕೊಂಡ ಗಂಡುಮರಿಗಳು ದೊಡ್ಡವಾದ ಮೇಲೆ ಹಾಡಿದ್ದು ಹುಟ್ಟಿಸಿದ ತಂದೆಯ ಹಾಡನ್ನಲ್ಲ, ಸಾಕಿದ ತಂದೆಯ ಹಾಡನ್ನು. ತಮ್ಮದೇ ಜಾತಿಯ ಹಕ್ಕಿಗಳ ಹಾಡು ಪಕ್ಕದಲ್ಲೇ ಕಿವಿಗೆ ಬೀಳುತ್ತಿದ್ದರೂ ಅವು ಕಲಿತದ್ದು ಉಣಿಸಿದವನಿಂದ. ಗರಿ ಹೆತ್ತವರದು, ಹಾಡು ಸಾಕಿದವರದು. ಇನ್ನು ಕಾಗೆ-ಕೋಗಿಲೆಯ ಉಪಮೆಯನ್ನು ಮನುಷ್ಯರಿಗೆ ಹಚ್ಚುವುದೇ ಲೆಕ್ಕ ತಪ್ಪಿದ ಮಾತು. ಅವು ಬೇರಾಗಿ ಕೋಟ್ಯಂತರ ವರ್ಷಗಳಾದವು. ಮನುಷ್ಯರೋ, ಲೋಕದ ಯಾವ ಮೂಲೆಯ ಇಬ್ಬರನ್ನು ಹಿಡಿದು ತಂದರೂ ಡಿ.ಎನ್.ಎ.ಯ ಸಾವಿರ ಅಕ್ಷರದಲ್ಲಿ ಸುಮಾರು 999 ಒಂದೇ. ಹುಡುಗಿಯ ಮೂಲ ಗೊತ್ತಿಲ್ಲ ಎಂದ ಬೀಗರಿಗೆ, ಗೊತ್ತಿಲ್ಲದೆ ಉಳಿದದ್ದು ಆ ಮಿಕ್ಕ ಒಂದು ಅಕ್ಷರದೊಳಗಿನ ವಿಷಯ. ಹುಡುಗನ ತಾಯಿ ಕಂಡ ನಗು ಮಾತ್ರ ಸುಳ್ಳಲ್ಲ. ನನ್ನ ತಂಗಿ ನಗುವಾಗ ಸೆರಗಿನಿಂದ ಬಾಯಿ ಮುಚ್ಚಿಕೊಂಡು ತಲೆ ಎಡಕ್ಕೆ ಓರೆ ಮಾಡುತ್ತಾಳೆ. ಅವಳು ಚೂಡಿದಾರದ ದುಪಟ್ಟಾದಲ್ಲಿ ಅದನ್ನೇ ಮಾಡುತ್ತಾಳೆ.

ಮೊನ್ನೆ ಭಾನುವಾರ ಬಂದಿದ್ದಾಗ ಅವಳಿಗೆ ಹೊಯಟ್ಜಿನ್ ಎಂಬ ಹಕ್ಕಿಯ ವಿಷಯ ಹೇಳುತ್ತಿದ್ದೆ. ದಕ್ಷಿಣ ಅಮೆರಿಕದ ನದಿಗಳ ಬದಿಯ ಮರಗಳಲ್ಲಿರುವ ಹಕ್ಕಿ. ತಲೆಯ ಮೇಲೆ ಕೆದರಿದ ಜುಟ್ಟು. ಹಸುವಿನ ಹಾಗೆ ಎಲೆ ತಿಂದು ಒಳಗೇ ಹುಳಿಯಿಸಿ ಅರಗಿಸಿಕೊಳ್ಳುತ್ತದೆ, ಆದ್ದರಿಂದ ಹತ್ತಿರ ಹೋದರೆ ಕೊಟ್ಟಿಗೆಯ ವಾಸನೆ. ಮರಿಗಳ ರೆಕ್ಕೆಯಲ್ಲಿ ಉಗುರುಗಳಿರುತ್ತವೆ, ಅಪಾಯ ಕಂಡರೆ ನೀರಿಗೆ ಹಾರಿ ಆಮೇಲೆ ಉಗುರು ಊರಿ ಮರ ಹತ್ತಿ ಬರುತ್ತವೆ. 1776ರಲ್ಲಿ ಅದಕ್ಕೆ ಹೆಸರಿಟ್ಟವರು ಕೋಳಿಯ ಬಳಗದ್ದೆಂದರು. ಸಿಬ್ಲಿಯವರು ಕೋಗಿಲೆಯ ಕಡೆಯದೆಂದರು. 2024ರಲ್ಲಿ 363 ಪ್ರಭೇದಗಳ ಜೀನ್ ಬರಹ ಇಟ್ಟುಕೊಂಡು ಮರ ಬಿಡಿಸಿದ ಮೇಲೂ ಅದಕ್ಕೆ ತೀರಾ ಹತ್ತಿರದವರು ಯಾರೆಂಬ ವಾದ ನಿಂತಿಲ್ಲ. ಅದು ಪಾಡಿಗೆ ತಾನು ಎಲೆ ಮೇಯುತ್ತ ಕೂತಿದೆ ಎಂದೆ.

ಅವಳು ಅವರೆಕಾಳು ಬಿಡಿಸುತ್ತಿದ್ದವಳು ತಲೆ ಎತ್ತಿ, "ಮೂಲ ಗೊತ್ತಿಲ್ಲ, ಮೇಲೆ ಕೊಟ್ಟಿಗೆ ವಾಸನೆ ಬೇರೆ. ಅದಕ್ಕೂ ಗಂಡು ಸಿಗೋದು ಕಷ್ಟಾನೇ ಬಿಡು ದೊಡ್ಡಮ್ಮ" ಎಂದು ದುಪಟ್ಟಾದಲ್ಲಿ ಬಾಯಿ ಮುಚ್ಚಿಕೊಂಡಳು. ಒಳಗೆ ಕುಕ್ಕರ್ ಮೂರನೆಯ ಸೀಟಿ ಹಾಕಿತು, ಆರಿಸಲು ಎದ್ದು ಹೋದಳು.